ಮಣ್ಣು ಸೇರಲೊಪ್ಪದ ಕಾಗದಗಳು: ಜೆರುಸಲೆಮ್‌ನ ಯೆಹೂದಿ ಅಧ್ಯಯನ ಸಂಸ್ಥೆಗೆ ನೂರು ತುಂಬಿದಾಗ

ಜೆರುಸಲೆಮ್‌ನ ದಕ್ಷಿಣಕ್ಕೆ ತಲ್ಪಿಯೋತ್ ಎಂಬ ಬಡಾವಣೆಯಿದೆ. ಅಲ್ಲಿ ಒಂದು ಕಾಲಕ್ಕೆ ಇಬ್ಬರು ದೊಡ್ಡವರು ಎದುರುಬದುರಿಗೆ ಮನೆ ಮಾಡಿಕೊಂಡಿದ್ದರು. ಒಬ್ಬರು ಯೋಸೆಫ್ ಕ್ಲೌಸ್ನರ್, ಹೀಬ್ರೂ ವಿಶ್ವವಿದ್ಯಾಲಯದಲ್ಲಿ ಆಧುನಿಕ ಹೀಬ್ರೂ ಸಾಹಿತ್ಯದ ಮೊದಲ ಪ್ರಾಧ್ಯಾಪಕರು. ಇನ್ನೊಬ್ಬರು ಶ್ಮುಯೆಲ್ ಯೋಸೆಫ್ ಅಗ್ನೋನ್, 1966ರಲ್ಲಿ ನೊಬೆಲ್ ಪಡೆದ ಕಥೆಗಾರರು. ಇಬ್ಬರದೂ ಒಂದೇ ಭಾಷೆ, ಒಂದೇ ಬೀದಿ. ಸಂಬಂಧ ಮಾತ್ರ ಅಷ್ಟಕ್ಕಷ್ಟೆ. ಪ್ರಾಧ್ಯಾಪಕರ ಸೋದರನ ಮೊಮ್ಮಗ, ಮುಂದೆ ತಾನೇ ದೊಡ್ಡ ಕಾದಂಬರಿಕಾರನಾದ ಅಮೋಸ್ ಓಜ್, ಬಾಲ್ಯದಲ್ಲಿ ಕಂಡ ಈ ನೆರೆಹೊರೆಯ ತಣ್ಣನೆಯ ಮುನಿಸನ್ನು ತನ್ನ ಆತ್ಮಕಥನದಲ್ಲಿ ರಸವತ್ತಾಗಿ ಬರೆದಿದ್ದಾರೆ. ಕ್ಲೌಸ್ನರ್ ತೀರಿಕೊಂಡ ಮೇಲೆ ಬೀದಿಗೆ ಅವರ ಹೆಸರಿಟ್ಟರು. ಅಗ್ನೋನ್ ಮನೆ ಈಗ ವಸ್ತುಸಂಗ್ರಹಾಲಯವಾಗಿದೆ. ಅದರ ವಿಳಾಸ: 16, ಕ್ಲೌಸ್ನರ್ ರಸ್ತೆ.

ಈ ತಮಾಷೆಯ ವಿಳಾಸದಲ್ಲಿ ನಾವು ಇಲ್ಲಿ ನೆನೆಯುತ್ತಿರುವ ಸಂಸ್ಥೆಯ ಕಥೆಯೂ ಅಡಗಿದೆ. 1924ರಲ್ಲಿ ಶುರುವಾದ ಯೆಹೂದಿ ಅಧ್ಯಯನ ಸಂಸ್ಥೆ ಹಳೆಯ ಪಠ್ಯಗಳನ್ನು ಓದಿದ ರೀತಿಗೆ ಜಗತ್ತು ತಲೆಬಾಗಿದೆ. ಎದುರುಮನೆಯಲ್ಲಿ ಬದುಕಿ ಬರೆಯುತ್ತಿದ್ದವರನ್ನು ಓದುವುದಕ್ಕೆ ಮಾತ್ರ ಅದಕ್ಕೆ ಕಾಲ ಹಿಡಿಯಿತು. ಸತ್ತದ್ದು ಯಾವುದು, ಬದುಕಿರುವುದು ಯಾವುದು ಎಂಬ ಪ್ರಶ್ನೆ ಈ ಸಂಸ್ಥೆಗೆ ಹುಟ್ಟಿನಿಂದಲೇ ಅಂಟಿಕೊಂಡು ಬಂದದ್ದು. ಅದನ್ನು ಕೇಳಿದ್ದು ಜೆರುಸಲೆಮ್ ಅಲ್ಲ, ಬರ್ಲಿನ್.

ಬರ್ಲಿನ್‌ನ ಲೆಕ್ಕಾಚಾರ

1818ರಲ್ಲಿ ಲಿಯೋಪೋಲ್ಡ್ ತ್ಸುಂಜ್ ಎಂಬ ಇಪ್ಪತ್ತರ ಹರೆಯದ ವಿದ್ವಾಂಸ ರಬ್ಬಿಗಳ, ಎಂದರೆ ಯೆಹೂದಿ ಧರ್ಮಗುರುಗಳ, ಸಾಹಿತ್ಯದ ಬಗ್ಗೆ ಒಂದು ಸಣ್ಣ ಪುಸ್ತಿಕೆ ಪ್ರಕಟಿಸಿದರು. ಯೆಹೂದಿಗಳು ಬರೆದದ್ದೆಂದರೆ ಧರ್ಮಶಾಸ್ತ್ರ ಮಾತ್ರವಲ್ಲ. ಗಣಿತ, ಖಗೋಳ, ಕಾವ್ಯ, ವ್ಯಾಪಾರ ಎಲ್ಲವೂ ಅದರಲ್ಲಿದೆ. ಅದನ್ನೆಲ್ಲ ಇತಿಹಾಸದ ಕಣ್ಣಿನಿಂದ ಓದಬೇಕು ಎಂಬುದು ಅವರ ವಾದ. ಅವಸರಕ್ಕೆ ಅವರು ಕೊಟ್ಟ ಕಾರಣ ವಿಚಿತ್ರವಾಗಿತ್ತು. ಜರ್ಮನಿಯ ಯೆಹೂದಿಗಳು ಜರ್ಮನ್ ಭಾಷೆಗೆ ಹೊರಳುತ್ತಿದ್ದಾರೆ, ಹೀಬ್ರೂ ಸಾಹಿತ್ಯದ ಕಾಲ ಮುಗಿಯುತ್ತ ಬಂದಿದೆ, ಆದ್ದರಿಂದ ಲೆಕ್ಕ ಹಾಕುವುದಕ್ಕೆ ಇದೇ ಸರಿಯಾದ ಹೊತ್ತು. ನೂರು ವರ್ಷ ಕಳೆದು 1919ರ ಹೊತ್ತಿಗೆ ಹೀಬ್ರೂ ಪುಸ್ತಕ ಹುಡುಕಿದರೂ ಸಿಗುವುದು ಈಗಿನಷ್ಟು ಸುಲಭವಿರಲಾರದು ಎಂದು ಅವರು ಅಂದಾಜು ಮಾಡಿದ್ದರು.

ಮರುವರ್ಷ ಬರ್ಲಿನ್‌ನಲ್ಲಿ ಯೆಹೂದಿಗಳ ಸಂಸ್ಕೃತಿ ಮತ್ತು ವಿಜ್ಞಾನಕ್ಕಾಗಿ ಒಂದು ಸಂಘ ಹುಟ್ಟಿತು. ಕವಿ ಹೈನ್ರಿಕ್ ಹೈನೆ ಕೂಡ ಸ್ವಲ್ಪ ಕಾಲ ಅದರ ಸದಸ್ಯರಾಗಿದ್ದರು. ಸಂಘ ಹೆಚ್ಚು ದಿನ ಬಾಳಲಿಲ್ಲ, ಅದು ತೋರಿಸಿದ ದಾರಿ ಬಾಳಿತು. 1854ರಲ್ಲಿ ಬ್ರೆಸ್ಲಾವ್‌ನಲ್ಲಿ, 1872ರಲ್ಲಿ ಬರ್ಲಿನ್‌ನಲ್ಲಿ ಈ ವಿದ್ಯೆಗೆಂದೇ ಉನ್ನತ ಶಾಲೆಗಳು ಬಂದವು. ಯುರೋಪಿನ ವಿಶ್ವವಿದ್ಯಾಲಯಗಳು ಮಾತ್ರ ಅದಕ್ಕೆ ಒಂದು ಪೀಠ ಕೊಡಲೂ ಹಿಂದೇಟು ಹಾಕಿದವು. ಆ ಕಾಲದ ಮಹಾ ಗ್ರಂಥಸೂಚಿಕಾರ ಮೊರಿಟ್ಸ್ ಸ್ಟೈನ್‌ಶ್ನೈಡರ್ ಹಲವು ಗ್ರಂಥಾಲಯಗಳ ಹೀಬ್ರೂ ಹಸ್ತಪ್ರತಿಗಳಿಗೆ ಸೂಚಿ ಮಾಡಿದವರು. ಇನ್ನು ನಮಗೆ ಉಳಿದಿರುವ ಕೆಲಸ ಈ ಪರಂಪರೆಗೆ ಗೌರವದ ಅಂತ್ಯಸಂಸ್ಕಾರ ಮಾಡುವುದಷ್ಟೇ ಎಂದು ಮುಪ್ಪಿನಲ್ಲಿ ಅವರು ಹೇಳಿದರೆಂದು ಶಿಷ್ಯವರ್ಗದ ನೆನಪು. ಅಂದರೋ ಇಲ್ಲವೋ, ಆ ಮಾತು ಮುಂದಿನ ತಲೆಮಾರಿನ ಎದೆಯಲ್ಲಿ ಮುಳ್ಳಾಗಿ ಉಳಿಯಿತು.

ಗುಡ್ಡದ ಮೇಲೆ ದೀಪದ ಹಬ್ಬ

ತ್ಸುಂಜ್ ಹಾಕಿದ ಗಡುವಿಗೆ ಸರಿಯಾಗಿ ಒಂದು ವರ್ಷ ಮೊದಲು, 1918ರ ಜುಲೈ 24ರಂದು, ಜೆರುಸಲೆಮ್‌ನ ಸ್ಕೋಪಸ್ ಗುಡ್ಡದ ಮೇಲೆ ಜಿಯೋನಿಸ್ಟ್ ನಾಯಕ ಖಾಯಿಮ್ ವೈಜ್‌ಮನ್ ಹೀಬ್ರೂ ವಿಶ್ವವಿದ್ಯಾಲಯಕ್ಕೆ ಅಡಿಗಲ್ಲು ಹಾಕಿದರು. ಮೊದಲ ಮಹಾಯುದ್ಧ ಇನ್ನೂ ಮುಗಿದಿರಲಿಲ್ಲ. ದೂರದಲ್ಲಿ ಫಿರಂಗಿ ಸದ್ದು ಕೇಳಿಸುತ್ತಿತ್ತು. ಗುಡ್ಡದ ಮೇಲಿನ ಆ ಜಾಗ ಲಿವರ್‌ಪೂಲ್‌ನ ವಕೀಲ ಸರ್ ಜಾನ್ ಗ್ರೇ ಹಿಲ್ ಅವರ ಎಸ್ಟೇಟಾಗಿತ್ತು. ಅಲ್ಲಿ ನಿಂತರೆ ಒಂದು ಕಡೆಗೆ ಹಳೆಯ ನಗರದ ಗುಮ್ಮಟಗಳು, ಇನ್ನೊಂದು ಕಡೆಗೆ ಬೋಳು ಗುಡ್ಡಗಳಿಳಿದು ಮೃತಸಮುದ್ರ.

1924ರ ಡಿಸೆಂಬರ್ 22ರಂದು, ಹನುಕ್ಕಾ ಎಂಬ ದೀಪದ ಹಬ್ಬದ ಮೊದಲ ದಿನ, ಯೆಹೂದಿ ಅಧ್ಯಯನ ಸಂಸ್ಥೆ ಬಾಗಿಲು ತೆರೆಯಿತು. ವಿಶ್ವವಿದ್ಯಾಲಯದ ಉದ್ಘಾಟನೆ ನಡೆದದ್ದು ಅದಾದ ಮೂರು ತಿಂಗಳಿಗೆ, 1925ರ ಏಪ್ರಿಲ್ 1ರಂದು. ಮರುಭೂಮಿಗೆ ಮುಖ ಮಾಡಿದ ಬಯಲು ರಂಗಮಂದಿರದಲ್ಲಿ ಬ್ರಿಟನ್ನಿನ ಹಿರಿಯ ರಾಜಕಾರಣಿ ಲಾರ್ಡ್ ಬಾಲ್ಫೋರ್ ಬಂದು ಕೂತರು, ಕವಿ ಬ್ಯಾಲಿಕ್ ಭಾಷಣ ಮಾಡಿದರು. ಲೆಕ್ಕಕ್ಕೆ ಹಿಡಿದರೆ ಮಗು ತಾಯಿಗಿಂತ ಮೂರು ತಿಂಗಳು ದೊಡ್ಡದು. ಇದರ ಹಿಂದೆ ಓಡಾಡಿದವರು ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಹುಟ್ಟಿದ ರಬ್ಬಿ, ಶಾಂತಿವಾದಿ ಯೆಹೂದಾ ಮ್ಯಾಗ್ನೆಸ್. ನ್ಯೂಯಾರ್ಕಿನ ಬ್ಯಾಂಕರ್ ಫೀಲಿಕ್ಸ್ ವಾರ್‌ಬರ್ಗ್ ಅವರಿಂದ ದೊಡ್ಡ ದೇಣಿಗೆ ತಂದವರೂ ಅವರೇ. ಮುಂದೆ 1948ರವರೆಗೆ, ಮೊದಲು ಕುಲಪತಿಯಾಗಿ ಆಮೇಲೆ ಅಧ್ಯಕ್ಷರಾಗಿ, ವಿಶ್ವವಿದ್ಯಾಲಯದ ಚುಕ್ಕಾಣಿ ಹಿಡಿದರು.

ಯಾಕೋವ್ ನಾಹುಮ್ ಎಪ್ಸ್ಟೈನ್ ಬರ್ಲಿನ್‌ನಿಂದ ತಾಲ್ಮುದ್ ಎಂಬ ಯೆಹೂದಿ ಧರ್ಮಶಾಸ್ತ್ರ ಗ್ರಂಥದ ಪಾಠಕ್ಕೆ ಬಂದರು. ಅವರು ತಂದ ಬದಲಾವಣೆ ಏನೆಂದು ಸ್ವಲ್ಪ ಹತ್ತಿರದಿಂದ ನೋಡಬೇಕು. ಯೆಶಿವಾಗಳಲ್ಲಿ, ಎಂದರೆ ಸಾಂಪ್ರದಾಯಿಕ ಪಾಠಶಾಲೆಗಳಲ್ಲಿ, ತಾಲ್ಮುದ್ ಎಂದರೆ ಅಚ್ಚಾದ ಪುಟ. ನಡುವೆ ಮೂಲ, ಸುತ್ತ ವ್ಯಾಖ್ಯಾನ. ಇಬ್ಬರು ಹುಡುಗರು ಎದುರುಬದುರು ಕೂತು ಆ ಪುಟದ ಮೇಲೆ ಗಟ್ಟಿದನಿಯಲ್ಲಿ ವಾದ ಮಾಡುತ್ತಾರೆ. ಎರಡು ಸಾಲುಗಳು ಒಂದಕ್ಕೊಂದು ಎದುರು ಬಿದ್ದರೆ ತರ್ಕದಿಂದ ಹೊಂದಿಸುತ್ತಾರೆ. ಎಪ್ಸ್ಟೈನ್ ತರಗತಿಯಲ್ಲಿ ಪ್ರಶ್ನೆಯೇ ಬೇರೆ. ಈ ಪದ ಇಲ್ಲಿಗೆ ಬಂದದ್ದು ಹೇಗೆ? ಹಳೆಯ ಹಸ್ತಪ್ರತಿಯಲ್ಲಿ ಏನಿದೆ? ಲಿಪಿಕಾರ ತಪ್ಪಿದನೋ, ಪಲೆಸ್ತೀನಿನ ಪಾಠವೂ ಬಾಬಿಲೋನಿನ ಪಾಠವೂ ಮೊದಲಿಂದಲೇ ಬೇರೆಯೋ? ತಾಲ್ಮುದ್‌ಗೆ ಬುನಾದಿಯಾದ ಮಿಶ್ನಾ ಗ್ರಂಥದ ಪಾಠವಿಮರ್ಶೆಯ ಮೇಲೆ ಅವರ ಬೃಹತ್ ಕೃತಿ 1948ರಲ್ಲಿ ಹೊರಬಂತು. ನಮ್ಮಲ್ಲಿ ಓಲೆಗರಿ ಪ್ರತಿಗಳನ್ನು ಪಕ್ಕಪಕ್ಕ ಇಟ್ಟು ಪಾಠಾಂತರ ಗುರುತಿಸಿದವರಿಗೆ ಈ ಶ್ರಮ ಎಂಥದೆಂದು ಹೇಳಬೇಕಾಗಿಲ್ಲ. ಸಂಪ್ರದಾಯಸ್ಥರಿಗೆ ಇದು ಪವಿತ್ರ ಪುಟದ ಮೈ ಕೊಯ್ದಂತೆ ಕಂಡಿತು. ಎಪ್ಸ್ಟೈನ್ ಅವರಿಗೆ ಅದು ಪುಟದ ಉಸಿರು ಕೇಳುವ ದಾರಿ.

ಪಾಠ ನಡೆಯಬೇಕಾದದ್ದು ಹೀಬ್ರೂವಿನಲ್ಲಿ. ಈ ಬಗ್ಗೆ ತಕರಾರು ಇರಲಿಲ್ಲ. 1913ರಲ್ಲೇ ಹೈಫಾದ ತಾಂತ್ರಿಕ ಶಾಲೆಯಲ್ಲಿ ಜರ್ಮನ್ ಬೇಕೋ ಹೀಬ್ರೂ ಬೇಕೋ ಎಂದು ದೊಡ್ಡ ಜಗಳ ನಡೆದು ಹೀಬ್ರೂ ಗೆದ್ದಿತ್ತು. ಕಷ್ಟ ಬೇರೆ ಕಡೆಗಿತ್ತು. ಪ್ರಾರ್ಥನೆಗೂ ಶಾಸ್ತ್ರಕ್ಕೂ ಸವೆದ ಭಾಷೆಯಲ್ಲಿ ಅಡಿಟಿಪ್ಪಣಿ ಬರೆಯಬೇಕು, ಪರೀಕ್ಷೆಗೆ ಪ್ರಶ್ನೆ ತೆಗೆಯಬೇಕು. ಜರ್ಮನ್‌ನಲ್ಲಿ ಯೋಚಿಸಿ ಬೆಳೆದ ಪ್ರಾಧ್ಯಾಪಕರು ಪರಿಭಾಷೆಯನ್ನು ಪಾಠ ಮಾಡುತ್ತ ಮಾಡುತ್ತಲೇ ಕಟ್ಟಿದರು.

ಗ್ರಂಥಾಲಯದ ಕಾರ್ಡುಗಳು

ಈ ಸಂಸ್ಥೆಯ ಜೀವನಾಡಿ ತರಗತಿಗಿಂತ ಹೆಚ್ಚಾಗಿ ಗ್ರಂಥಾಲಯ. ಅದರ ಮೂಲ 1892ರಷ್ಟು ಹಿಂದಿನದು. ಬ್ಯಾಲಿಸ್ತೋಕ್ ಊರಿನ ಡಾಕ್ಟರ್ ಯೋಸೆಫ್ ಖಜಾನೋವಿಚ್ ತಮ್ಮ ಗಳಿಕೆಯನ್ನೆಲ್ಲ ಸುರಿದು ಪುಸ್ತಕ ಕೂಡಿಸಿ ಪೆಟ್ಟಿಗೆಗಟ್ಟಲೆ ಜೆರುಸಲೆಮ್‌ಗೆ ಕಳಿಸಿದರು. ಬಡ ರೋಗಿಗಳಿಂದ ಫೀಸಿನ ಬದಲು ಪುಸ್ತಕವನ್ನೇ ತೆಗೆದುಕೊಳ್ಳುತ್ತಿದ್ದರು ಎನ್ನುತ್ತಾರೆ. 1920ರಲ್ಲಿ ಅದರ ಮುಖ್ಯಸ್ಥರಾಗಿ ಬಂದವರು ಹ್ಯೂಗೋ ಬರ್ಗ್‌ಮನ್, ಪ್ರಾಗ್‌ನಲ್ಲಿ ಕಾಫ್ಕಾನ ಸಹಪಾಠಿ.

1923ರ ಶರತ್ಕಾಲದಲ್ಲಿ ಒಂದೇ ಹಡಗಿನಲ್ಲಿ ಇಬ್ಬರು ಜರ್ಮನ್ ತರುಣರು ಪಲೆಸ್ತೀನಿಗೆ ಹೊರಟರು. ಒಬ್ಬರು ಗೇರ್ಶೋಮ್ ಶೋಲೆಮ್, ಇನ್ನೊಬ್ಬರು ಶ್ಲೋಮೋ ಗೋಯ್ಟೈನ್. ಗೋಯ್ಟೈನ್ ಮಾತು ಆಮೇಲೆ ಬರುತ್ತದೆ. ಶೋಲೆಮ್ ಅವರ ಮುಂದೆ ಎರಡು ಕೆಲಸಗಳಿದ್ದವು: ಶಾಲೆಯಲ್ಲಿ ಗಣಿತದ ಮೇಷ್ಟ್ರಾಗುವುದು, ಇಲ್ಲವೇ ಗ್ರಂಥಾಲಯದ ಹೀಬ್ರೂ ವಿಭಾಗ ನೋಡಿಕೊಳ್ಳುವುದು. ಅವರು ಗಣಿತ ಓದಿದವರೇ; ಆದರೂ ಪುಸ್ತಕದ ಕಡೆಗೆ ಹೋದರು. ಆಗ ಪ್ರಚಾರದಲ್ಲಿದ್ದ ಡ್ಯೂಯಿ ದಶಮಾಂಶ ಪದ್ಧತಿಯಲ್ಲಿ ಯೆಹೂದಿ ಗ್ರಂಥಗಳಿಗೆ ಸಿಕ್ಕುತ್ತಿದ್ದದ್ದು ಒಂದು ಮೂಲೆ. ಆ ಮೂಲೆಯನ್ನೇ ವಿಸ್ತರಿಸಿ, ತಾಲ್ಮುದ್, ಪ್ರಾರ್ಥನಾಕಾವ್ಯ, ಕಬ್ಬಾಲಾ, ಹಸೀದರೆಂಬ ಭಕ್ತಿಪಂಥದವರ ಕಥೆ ಎಲ್ಲಕ್ಕೂ ತಕ್ಕ ಅಂಕಿಗಳಿರುವ ವರ್ಗೀಕರಣವನ್ನು ಶೋಲೆಮ್ 1927ರಲ್ಲಿ ಪ್ರಕಟಿಸಿದರು. ಕಪಾಟಿನಲ್ಲಿ ಪುಸ್ತಕ ಎಲ್ಲಿ ನಿಲ್ಲಬೇಕೆಂದು ತೀರ್ಮಾನಿಸುವುದು ಸಣ್ಣ ಅಧಿಕಾರವಲ್ಲ. ನಂಬರು ಸಿಕ್ಕ ವಿಷಯ ಕಣ್ಣಿಗೆ ಬೀಳುತ್ತದೆ. ಕಣ್ಣಿಗೆ ಬಿದ್ದದ್ದನ್ನು ಯಾರಾದರೂ ಒಬ್ಬರು ಓದುತ್ತಾರೆ.

ಕಬ್ಬಾಲಾ ಎಂಬ ಅನುಭಾವ ಪರಂಪರೆಗೆ ಆದದ್ದು ಇದೇ. ಹತ್ತೊಂಬತ್ತನೆಯ ಶತಮಾನದ ಇತಿಹಾಸಕಾರ ಗ್ರೇಟ್ಸ್ ಅದನ್ನು ಮೌಢ್ಯ, ಮೋಸ ಎಂದು ತಳ್ಳಿಹಾಕಿದ್ದರು. ಶೋಲೆಮ್ ಅದೇ ಧೂಳು ಹಿಡಿದ ಹಸ್ತಪ್ರತಿಗಳನ್ನು ಭಾಷೆ, ಕಾಲ, ಕರ್ತೃ ಎಂದು ಶಿಸ್ತಿನಿಂದ ಪರೀಕ್ಷಿಸಿದರು. 1941ರಲ್ಲಿ ಇಂಗ್ಲಿಷಿನಲ್ಲಿ ಬಂದ ಯೆಹೂದಿ ಅನುಭಾವದ ಮುಖ್ಯ ಪ್ರವಾಹಗಳ ಮೇಲಿನ ಅವರ ಗ್ರಂಥದಿಂದ ಒಂದು ಹೊಸ ಜ್ಞಾನಶಾಖೆಯೇ ಹುಟ್ಟಿತು. 1944ರಲ್ಲಿ, ಯುರೋಪಿನಲ್ಲಿ ಯೆಹೂದಿಗಳ ಕೊಲೆ ನಡೆಯುತ್ತಿದ್ದಾಗಲೇ, ಬರ್ಲಿನ್‌ನ ಹಿರಿಯರ ಮೇಲೆ ಅವರು ಕಟುವಾದ ಲೇಖನ ಬರೆದರು. ನೀವು ವಿದ್ವಾಂಸರಲ್ಲ, ಗೋರಿ ತೋಡುವವರು ಎಂಬಷ್ಟು ಖಾರ ಅದರಲ್ಲಿತ್ತು. ಆ ಹಿರಿಯರ ಶ್ರಮವಿಲ್ಲದೆ ತಮ್ಮ ಕೈಗೆ ಒಂದು ಸೂಚಿಯೂ ಸಿಗುತ್ತಿರಲಿಲ್ಲ ಎಂಬುದು ಶೋಲೆಮ್ ಅವರಿಗೂ ಗೊತ್ತಿತ್ತು. ಸಿಟ್ಟು ಅಷ್ಟು ಹತ್ತಿರದ್ದಾಗಿದ್ದದ್ದು ಅದಕ್ಕೇ.

ಈ ಗುಡ್ಡದಿಂದ ಮೂರು ಪತ್ರಿಕೆಗಳು ಹೊರಟವು: 1924ರಲ್ಲಿ ಗ್ರಂಥಸೂಚಿಗೆಂದೇ 'ಕಿರ್ಯತ್ ಸೇಫರ್', 1929ರಲ್ಲಿ ಎಪ್ಸ್ಟೈನ್ ಸಂಪಾದಕತ್ವದ 'ತರ್ಬಿಜ್'. 1935ರಲ್ಲಿ ಇತಿಹಾಸಕ್ಕೆ 'ತ್ಸಿಯೋನ್' ಬಂತು. ಈ ಕೊನೆಯ ಹೆಸರನ್ನು ಕನ್ನಡದ ಓದುಗರು ನೆನಪಿಟ್ಟುಕೊಳ್ಳಬೇಕು.

ಸಾಹಿತ್ಯದ ಪೀಠ

ಕ್ಲೌಸ್ನರ್ ಅವರಿಗೆ ಸಾಹಿತ್ಯದ ಪೀಠ ಮೊದಲ ಆಯ್ಕೆಯಾಗಿರಲಿಲ್ಲ. ಅವರಿಗೆ ಬೇಕಾಗಿದ್ದದ್ದು ಜೆರುಸಲೆಮ್‌ನ ಎರಡನೆಯ ದೇವಾಲಯದ ಕಾಲದ ಇತಿಹಾಸ. 1922ರಲ್ಲಿ ಅವರು ನಜರೇತಿನ ಯೇಸುವನ್ನು ಯೆಹೂದಿ ಇತಿಹಾಸದೊಳಗಿಟ್ಟು ಹೀಬ್ರೂವಿನಲ್ಲೇ ಪುಸ್ತಕ ಬರೆದಿದ್ದರು. ಅದಕ್ಕೆ ಸಂಪ್ರದಾಯಸ್ಥರೂ ಸಿಡುಕಿದ್ದರು, ಕ್ರೈಸ್ತರೂ ಸಿಡುಕಿದ್ದರು. ಅಂಥವರ ಕೈಗೆ ಆ ನಾಜೂಕು ಕಾಲಘಟ್ಟ ಕೊಡುವುದಕ್ಕೆ ಆಡಳಿತ ಅಳುಕಿತು, ಸಾಹಿತ್ಯ ಕೊಟ್ಟಿತು. ಬಯಸಿದ ಪೀಠ ಅವರಿಗೆ ದಕ್ಕಿದ್ದು 1944ರಲ್ಲಿ, ಎಪ್ಪತ್ತರ ವಯಸ್ಸಿನಲ್ಲಿ.

ಸಿಕ್ಕ ಕೆಲಸವನ್ನು ಅವರು ಕಡೆಗಣಿಸಲಿಲ್ಲ. ಒಡೆಸ್ಸಾದಲ್ಲಿ ಬೆಳೆದು, ಹೈಡಲ್‌ಬರ್ಗ್‌ನಲ್ಲಿ ಓದಿ, 'ಹಶಿಲೋಹ' ಪತ್ರಿಕೆಯನ್ನು ವರ್ಷಗಟ್ಟಲೆ ನಡೆಸಿದ ಅನುಭವ ಬೆನ್ನಿಗಿತ್ತು. 1930ರಿಂದ 1950ರವರೆಗೆ ಆರು ಸಂಪುಟಗಳಲ್ಲಿ ಅವರ ಹೊಸ ಹೀಬ್ರೂ ಸಾಹಿತ್ಯದ ಚರಿತ್ರೆ ಬಂತು. ಹೊಸದು ಎಲ್ಲಿಂದ ಶುರು ಎಂಬ ಪ್ರಶ್ನೆಗೆ ಅವರದು ಖಚಿತ ಉತ್ತರ: ಯೆಹೂದಿ ಮಕ್ಕಳಿಗೆ ಲೌಕಿಕ ವಿದ್ಯೆಯನ್ನೂ ಕಲಿಸಿ ಎಂದು 1782ರಲ್ಲಿ ಕರೆಕೊಟ್ಟ ನಫ್ತಾಲಿ ಹರ್ಟ್ಸ್ ವೆಸ್ಸಲಿಯಿಂದ. ಲೌಕಿಕವಾದದ್ದೇ ಹೊಸದು ಎಂಬುದು ಇದರ ತಿರುಳು. ಲಾಖೋವರ್ ಎಂಬ ಇನ್ನೊಬ್ಬ ಚರಿತ್ರಕಾರರು ಇದನ್ನು ಒಪ್ಪದೆ ಇಟಲಿಯ ಮೋಶೆ ಖಾಯಿಮ್ ಲುತ್ಸಾತ್ತೋ ಎಂಬ ಅನುಭಾವಿ ನಾಟಕಕಾರನಿಂದ ಹೊಸಕಾಲವನ್ನು ಶುರುಮಾಡಿದರು. ಮೇಲ್ನೋಟಕ್ಕೆ ಇದು ತಾರೀಖಿನ ಜಗಳ. ಹೊಸ ಸಾಹಿತ್ಯ ಹಳೆಯದರ ಬುಡದಿಂದ ಚಿಗುರಿತೋ, ಬುಡ ಕಡಿದ ಮೇಲೆ ಹುಟ್ಟಿತೋ ಎಂಬುದು ಅದರೊಳಗಿನ ಜಗಳ.

ಕ್ಲೌಸ್ನರ್ ಚರಿತ್ರೆ ಆರು ಸಂಪುಟ ನಡೆದು ಹಸ್ಕಲಾ ಎಂಬ ಜ್ಞಾನೋದಯದ ಕಾಲದಲ್ಲೇ, 1880ರ ದಶಕದ ಬಾಗಿಲಲ್ಲೇ ನಿಂತಿತು. ಬ್ಯಾಲಿಕ್ ಅದರಲ್ಲಿಲ್ಲ, ಕಾದಂಬರಿಕಾರ ಬ್ರೆನ್ನರ್ ಇಲ್ಲ, ಎದುರುಮನೆಯ ಅಗ್ನೋನ್ ಅಂತೂ ಇಲ್ಲವೇ ಇಲ್ಲ.

ಅಗ್ನೋನ್ ಮಾತ್ರ ಪ್ರಾಧ್ಯಾಪಕರನ್ನು ಬಿಡಲಿಲ್ಲ. ಅವರ 'ಶಿರಾ' ಕಾದಂಬರಿ ಪೂರ್ತಿಯಾಗದೆ ಉಳಿದು, ಅವರು ತೀರಿಕೊಂಡ ಮರುವರ್ಷ 1971ರಲ್ಲಿ ಪ್ರಕಟವಾಯಿತು. ಅದರ ನಾಯಕ 1930ರ ದಶಕದ ಜೆರುಸಲೆಮ್‌ನ ವಿಶ್ವವಿದ್ಯಾಲಯದ ಅಧ್ಯಾಪಕ ಮ್ಯಾನ್‌ಫ್ರೆಡ್ ಹರ್ಬ್ಸ್ಟ್. ಟಿಪ್ಪಣಿಯ ಮೇಲೆ ಟಿಪ್ಪಣಿ ಕೂಡಿಹಾಕುತ್ತಾನೆ, ಪುಸ್ತಕ ಮಾತ್ರ ಮುಗಿಯುವುದಿಲ್ಲ. ಅವನ ಸಂಶೋಧನೆಯ ವಿಷಯ ಬೈಜಾಂಟಿಯಮ್ಮಿನ ಬಡವರು ಹೆಣ ಹೂಳುತ್ತಿದ್ದ ಪದ್ಧತಿಗಳು! ಸ್ಟೈನ್‌ಶ್ನೈಡರ್ ಅವರ ಮಾತು ಅಗ್ನೋನ್ ಕಿವಿಗೆ ಬಿದ್ದಿತ್ತೋ ಇಲ್ಲವೋ, ಶೋಲೆಮ್ ಮಾತ್ರ ಅವರಿಗೆ ಬರ್ಲಿನ್ ದಿನಗಳಿಂದ ಗೆಳೆಯರು.

ಮನೆಮಾತಿಗೆ ಜಾಗವಿಲ್ಲ

ಬದುಕಿರುವುದನ್ನು ಗುರುತಿಸುವಲ್ಲಿ ಸಂಸ್ಥೆ ಸೋತ ಒಂದು ಪ್ರಸಂಗವನ್ನು ಸ್ಮರಣ ಸಂಚಿಕೆಯಲ್ಲಿ ಮುಚ್ಚಿಡಬಾರದು. 1927ರಲ್ಲಿ ನ್ಯೂಯಾರ್ಕಿನ ಯಿಡ್ಡಿಶ್ ದಿನಪತ್ರಿಕೆ 'ದೆರ್ ತೋಗ್'ನ ಪ್ರಕಾಶಕರು ಯಿಡ್ಡಿಶ್ ಪೀಠಕ್ಕೆ ಹಣ ಕೊಡುವುದಾಗಿ ಮುಂದೆ ಬಂದರು. ಪೂರ್ವ ಯುರೋಪಿನ ಲಕ್ಷಾಂತರ ಯೆಹೂದಿಗಳ ತಾಯ್ನುಡಿ ಅದು. ಗುಡ್ಡದ ಮೇಲಿನ ಅನೇಕ ಪ್ರಾಧ್ಯಾಪಕರ ಮನೆಮಾತೂ ಅದೇ. ಆದರೆ ಹೀಬ್ರೂವನ್ನು ನಾಲಗೆಯ ಮೇಲೆ ಮತ್ತೆ ನಿಲ್ಲಿಸಲು ಹೊರಟವರಿಗೆ ಯಿಡ್ಡಿಶ್ ದೇಶಾಂತರದ ದೈನ್ಯದ ಗುರುತಾಗಿ ಕಂಡಿತು. ಇಂಥ ಪೀಠ ಬಂದರೆ ವಿಶ್ವವಿದ್ಯಾಲಯವೇ ಹಾಳಾಯಿತು ಎಂದು ಸಾರುವ ಭಿತ್ತಿಪತ್ರಗಳು ಗೋಡೆಗಳ ಮೇಲೆ ಬಂದವು. ವಿರೋಧಿಸಿದವರಲ್ಲಿ ಕ್ಲೌಸ್ನರ್ ಕೂಡ ಇದ್ದರು. ಪ್ರಸ್ತಾಪ ಬಿದ್ದುಹೋಯಿತು.

ಯಿಡ್ಡಿಶ್ ವಿಭಾಗ ತೆರೆದದ್ದು 1951ರಲ್ಲಿ, ದೋವ್ ಸದಾನ್ ಅವರ ಮುಂದಾಳತ್ವದಲ್ಲಿ. ಆ ಹೊತ್ತಿಗೆ ಆ ಭಾಷೆಯಾಡುವ ಊರುಗಳೇ ಯುರೋಪಿನ ನಕ್ಷೆಯಿಂದ ಅಳಿಸಿಹೋಗಿದ್ದವು. ಬದುಕಿದ್ದಾಗ ಬಾಗಿಲು ಮುಚ್ಚಿ, ಸತ್ತ ಮೇಲೆ ಪೀಠ ಕೊಟ್ಟಂತಾಯಿತು. ಸದಾನ್ ಮಾತ್ರ ಅದನ್ನು ತಿಥಿಯ ಊಟವಾಗಲು ಬಿಡಲಿಲ್ಲ. ಹೀಬ್ರೂ, ಯಿಡ್ಡಿಶ್, ಯೆಹೂದಿಗಳು ಇತರ ಭಾಷೆಗಳಲ್ಲಿ ಬರೆದದ್ದು ಎಲ್ಲವೂ ಒಂದೇ ಸಾಹಿತ್ಯದ ಕವಲುಗಳು. ಹಸೀದರು, ಅವರ ವಿರೋಧಿಗಳು, ಜ್ಞಾನೋದಯದವರು ಮೂವರನ್ನೂ ಒಟ್ಟಿಗೆ ಓದದೆ ಯಾರೊಬ್ಬರೂ ಅರ್ಥವಾಗುವುದಿಲ್ಲ ಎಂದು ಅವರು ವಾದಿಸಿದರು. ಕ್ಲೌಸ್ನರ್ ಹಾಕಿದ ಬೇಲಿಯನ್ನು ಒಳಗಿನಿಂದಲೇ ಕಿತ್ತವರು ಅವರು.

ಒಡೆದ ಊರಿನಲ್ಲಿ ಪುಸ್ತಕಗಳು

1948ರ ಏಪ್ರಿಲ್ 13ರಂದು ಸ್ಕೋಪಸ್ ಗುಡ್ಡಕ್ಕೆ ಹೊರಟಿದ್ದ ವಾಹನಗಳ ಸಾಲಿನ ಮೇಲೆ ದಾಳಿಯಾಯಿತು. ವೈದ್ಯರು, ದಾದಿಯರು, ವಿಶ್ವವಿದ್ಯಾಲಯದವರು ಸೇರಿ 78 ಮಂದಿ ಸತ್ತರು. ಆ ವರ್ಷದ ಅರಬ್-ಯೆಹೂದಿ ಯುದ್ಧ ನಿಂತಾಗ ಗುಡ್ಡ ಜೋರ್ಡಾನ್ ಹಿಡಿತದ ಪ್ರದೇಶದ ನಡುವೆ ಒಂದು ದ್ವೀಪವಾಗಿತ್ತು. ಎರಡು ವಾರಕ್ಕೊಮ್ಮೆ ಕಾವಲಿನವರನ್ನು ಬದಲಿಸಲು ಒಂದು ವಾಹನದ ಸಾಲು ಹೋಗಿ ಬರಬಹುದಿತ್ತು, ಅಷ್ಟೆ. ವಿದ್ವಾಂಸರು ಕೆಳಗೆ, ಅವರ ಪುಸ್ತಕಗಳು ಮೇಲೆ. ಹಾಗೆ ಹೋಗಿಬರುವ ಸಾಲಿನಲ್ಲೇ ಪುಸ್ತಕಗಳು ಸ್ವಲ್ಪ ಸ್ವಲ್ಪವಾಗಿ ಗುಡ್ಡ ಇಳಿದವು. ಪಾಠಗಳು ಊರೊಳಗೆ ಬಾಡಿಗೆ ಕೋಣೆಗಳಿಗೆ ಚದುರಿದವು. ಮುಖ್ಯ ನೆಲೆ ಫ್ರಾನ್ಸಿಸ್ಕನ್ ಪಾದ್ರಿಗಳ ತೆರ್ರಾ ಸಾಂಕ್ತಾ ಕಾಲೇಜು. ಮಾಳಿಗೆಯ ಮೇಲೆ ಮಾತೆ ಮರಿಯಳ ಪ್ರತಿಮೆ, ಅದರ ನೆರಳಲ್ಲಿ ತಾಲ್ಮುದ್ ಪಾಠ.

ಆ ವರ್ಷಗಳಲ್ಲಿ ಎರಡು ದಿಕ್ಕಿನಿಂದ ಪುಸ್ತಕಗಳು ಗ್ರಂಥಾಲಯಕ್ಕೆ ಬಂದವು. ನಾಜಿಗಳು ದೋಚಿದ್ದ ಯೆಹೂದಿ ಗ್ರಂಥಗಳು ಯುದ್ಧಾನಂತರ ಜರ್ಮನಿಯ ಆಫೆನ್‌ಬಾಖ್‌ನಂಥ ಕೇಂದ್ರಗಳಲ್ಲಿ ರಾಶಿ ಬಿದ್ದಿದ್ದವು. ಅವನ್ನು ಹುಡುಕಿ ತರಲು 1946ರಲ್ಲಿ ಶೋಲೆಮ್ ಯುರೋಪಿಗೆ ಹೋದರು. ನ್ಯೂಯಾರ್ಕಿನಿಂದ ಈ ಕೆಲಸ ನಡೆಸಿದ ಸಂಸ್ಥೆಯ ಕಾರ್ಯದರ್ಶಿಯಾಗಿದ್ದವರು ಚಿಂತಕಿ ಹನ್ನಾ ಅರೆಂಟ್. ಓದುಗರು ಕೊಲೆಯಾಗಿ ಪುಸ್ತಕಗಳು ಮಾತ್ರ ಉಳಿದಿದ್ದವು. ಇನ್ನೊಂದು ದಿಕ್ಕು ತೀರ ಹತ್ತಿರದ್ದು. 1948ರ ಯುದ್ಧದಲ್ಲಿ ಪಶ್ಚಿಮ ಜೆರುಸಲೆಮ್ ಬಿಟ್ಟುಹೋದ ಅರಬರ ಮನೆಗಳಿಂದ ಸುಮಾರು 30 ಸಾವಿರ ಪುಸ್ತಕಗಳನ್ನು ಗ್ರಂಥಾಲಯದವರು ಒಟ್ಟುಮಾಡಿದರು. ಅವುಗಳಲ್ಲಿ ಸಾವಿರಾರು ಇಂದಿಗೂ 'ವಾರಸುದಾರರು ಬಿಟ್ಟುಹೋದ ಸ್ವತ್ತು' ಎಂಬ ಗುರುತಿನೊಂದಿಗೆ ಅಲ್ಲೇ ಇವೆ. ಅವುಗಳ ಓದುಗರಲ್ಲಿ ಅನೇಕರು ಬದುಕಿದ್ದರು, ಗಡಿಯಾಚೆ. ದೂರದ ಪುಸ್ತಕಗಳನ್ನು ಹುಡುಕಿಕೊಂಡು ಹೋದ ಶ್ರದ್ಧೆಗೆ ಮೆಚ್ಚುವಾಗ ಈ ಕಪಾಟಿನ ಮುಂದೆಯೂ ಒಂದು ಗಳಿಗೆ ನಿಲ್ಲಬೇಕು.

ಬರೆಯುವವರೇ ಪಾಠಕ್ಕೆ ಬಂದರು

1949ರಲ್ಲಿ ಸಾಹಿತ್ಯದ ಹೊಣೆ ಶಿಮೋನ್ ಹಲ್ಕಿನ್ ಅವರಿಗೆ ಬಂತು. ಇವರು ಸ್ವತಃ ಕವಿ, ಕಾದಂಬರಿಕಾರ. ಅಮೆರಿಕದಲ್ಲಿ ಬಹುಕಾಲ ಇದ್ದು ವಾಲ್ಟ್ ವಿಟ್‌ಮನ್‌ನನ್ನು ಹೀಬ್ರೂವಿಗೆ ತಂದವರು. ಇವರ ತರಗತಿಯಲ್ಲಿ ಕವಿತೆ ಚರಿತ್ರೆಯ ದಾಖಲೆಯಾಗಿ ಉಳಿಯದೆ ಕವಿತೆಯಾಗಿ ಕೇಳಿಸತೊಡಗಿತು. ಬಾನ್‌ನಲ್ಲಿ ಡಾಕ್ಟರೇಟ್ ಮಾಡಿ 1935ರಲ್ಲಿ ಬಂದ ಕವಯಿತ್ರಿ ಲೇಯಾ ಗೋಲ್ಡ್‌ಬರ್ಗ್ 1950ರ ದಶಕದ ಆರಂಭದಲ್ಲಿ ಅಧ್ಯಾಪಕಿಯಾದರು, ಮುಂದೆ ತೌಲನಿಕ ಸಾಹಿತ್ಯ ವಿಭಾಗ ಕಟ್ಟಿದರು. ಅಮೋಸ್ ಓಜ್, ಎ. ಬಿ. ಯೆಹೋಶುವಾ, ಆಹರೋನ್ ಆಪ್ಪೆಲ್‌ಫೆಲ್ಡ್ ಎಲ್ಲರೂ ಈ ವಿಶ್ವವಿದ್ಯಾಲಯದ ಬೆಂಚುಗಳ ಮೇಲೆ ಕೂತವರೇ.

ಇವರ ನಡುವೆ ದಾನ್ ಪಗಿಸ್ ಅವರನ್ನು ಬೇರೆಯಾಗಿ ನೆನೆಯಬೇಕು. 1930ರಲ್ಲಿ ಬುಕೋವಿನಾದಲ್ಲಿ ಹುಟ್ಟಿ, ಬಾಲ್ಯದ ವರ್ಷಗಳನ್ನು ನಾಜಿ ಕಾಲದ ಶಿಬಿರದಲ್ಲಿ ಕಳೆದು, 1946ರಲ್ಲಿ ಪಲೆಸ್ತೀನಿಗೆ ಬಂದ ಮೇಲೆ ಹೀಬ್ರೂ ಕಲಿತ ಹುಡುಗ. ಖಾಯಿಮ್ ಶಿರ್ಮನ್ ಅವರ ಶಿಷ್ಯರಾಗಿ ಸ್ಪೇನಿನ ಮಧ್ಯಯುಗದ ಹೀಬ್ರೂ ಕಾವ್ಯದ ಪ್ರಾಧ್ಯಾಪಕರಾದರು. ಹಗಲು ಹತ್ತು-ಹನ್ನೆರಡನೆಯ ಶತಮಾನದ ಕವಿಗಳ ಛಂದಸ್ಸು, ಅಲಂಕಾರ; ತಮ್ಮ ಕವಿತೆಗಳಲ್ಲಿ ಮಾತು ಅರ್ಧಕ್ಕೆ ನಿಂತುಬಿಡುವಷ್ಟು ಮಿತವ್ಯಯ. ವಿದ್ವತ್ತೂ ಸೃಷ್ಟಿಯೂ ಒಂದೇ ಮೇಜಿನ ಮೇಲೆ ಹೇಗೆ ಕೂರುತ್ತವೆ ಎಂಬುದಕ್ಕೆ ಈ ಸಂಸ್ಥೆ ಕೊಟ್ಟ ಅತ್ಯುತ್ತಮ ಉದಾಹರಣೆ ಇವರೇ.

ಜಗಳಗಳು ಮುಗಿಯಲಿಲ್ಲ, ಮುಗಿದಿದ್ದರೆ ಸಂಸ್ಥೆಯೂ ಮುಗಿಯುತ್ತಿತ್ತು. ಬಾರ್-ಇಲಾನ್ ವಿಶ್ವವಿದ್ಯಾಲಯದಿಂದ ಬಾರುಖ್ ಕುರ್ಜ್‌ವೈಲ್ ಗುಡುಗಿದರು: ಹೊಸ ಹೀಬ್ರೂ ಸಾಹಿತ್ಯ ಪರಂಪರೆಯ ಮುಂದುವರಿಕೆಯಲ್ಲ, ದೈವಶ್ರದ್ಧೆ ಕಳೆದುಹೋದ ಮೇಲಿನ ಬಿರುಕು. ಅದನ್ನು ಮುಚ್ಚಿಹಾಕುವ ಇತಿಹಾಸಕಾರರೆಲ್ಲ ತಮ್ಮನ್ನೇ ವಂಚಿಸಿಕೊಳ್ಳುತ್ತಿದ್ದಾರೆ. ಅವರ ಏಟು ಶೋಲೆಮ್ ಅವರ ಮೇಲೂ ಬಿತ್ತು. ಮುಂದಿನ ತಲೆಮಾರಿನಲ್ಲಿ, 1939ರಲ್ಲಿ ವಿಯೆನ್ನಾದಿಂದ ಬಾಲಕನಾಗಿ ಬಂದ ಗೇರ್ಶೋನ್ ಶಾಕೆದ್ 1880ರಿಂದ 1980ರವರೆಗಿನ ಹೀಬ್ರೂ ಕಥನಸಾಹಿತ್ಯದ ಚರಿತ್ರೆಯನ್ನು ಐದು ಸಂಪುಟಗಳಲ್ಲಿ ಬರೆದರು. ಶುರುಮಾಡಿದ ವರ್ಷ ಗಮನಿಸಿ: ಕ್ಲೌಸ್ನರ್ ಲೇಖನಿ ಕೆಳಗಿಟ್ಟ ಹೊಸಿಲಿನಿಂದಲೇ. ಅಗ್ನೋನ್ ಕೊನೆಗೂ ಎದುರುಮನೆಯೊಳಗೆ ಬಂದರು. ಇದೇ ಪರಂಪರೆಯ ದಾನ್ ಮಿರೋನ್ ಮುಂದುವರಿಕೆ, ಬಿರುಕು ಎಂಬ ಎರಡೂ ಪದಗಳನ್ನು ಪಕ್ಕಕ್ಕಿಟ್ಟರು. ಯೆಹೂದಿ ಸಾಹಿತ್ಯಗಳು ಒಂದೇ ಮರದ ಕೊಂಬೆಗಳಲ್ಲ, ಅಕ್ಕಪಕ್ಕ ಬೆಳೆದು ಆಗಾಗ ಮೈ ತಾಗಿಸುವ ಗಿಡಗಳು ಎಂಬ ಚಿತ್ರ ಅವರದು.

ಮಂಗಳೂರಿನ ವಿಳಾಸ

ಕೊನೆಗೆ ಗೋಯ್ಟೈನ್ ಕಥೆ. ಯೆಹೂದಿ ಸಂಪ್ರದಾಯದಲ್ಲಿ ದೇವರ ಹೆಸರು ಬರೆದಿರಬಹುದಾದ ಕಾಗದವನ್ನು ಬೀದಿಗೆ ಎಸೆಯುವಂತಿಲ್ಲ, ಒಲೆಗೆ ಹಾಕುವಂತಿಲ್ಲ. ನಮ್ಮ ಹಿರಿಯರು ಹಳೆಯ ಓಲೆಗರಿ ಕಟ್ಟುಗಳನ್ನು ಹೊಳೆಗೆ ಬಿಟ್ಟಂತೆ, ಅವರು ಸವೆದ ಕಾಗದವನ್ನು ಒಂದು ಕೋಣೆಯಲ್ಲಿ ಕೂಡಿಹಾಕಿ ಕೊನೆಗೆ ಸ್ಮಶಾನದಲ್ಲಿ ಹೂಳುತ್ತಾರೆ. ಆ ಕೋಣೆಗೆ ಗೆನಿಜಾ ಎಂದು ಹೆಸರು. ಹಳೆಯ ಕೈರೋದ ಬೆನ್ ಎಜ್ರಾ ಸಿನಗಾಗ್‌ನಲ್ಲಿ ಕೂಡಿಹಾಕಿದ್ದಾಯಿತು, ಹೂಳುವುದು ಮಾತ್ರ ನಡೆಯಲೇ ಇಲ್ಲ. ಒಣಹವೆಯಲ್ಲಿ ಲಕ್ಷಗಟ್ಟಲೆ ಚೂರುಗಳು ಶತಮಾನಗಳ ಕಾಲ ಉಳಿದವು. 1896-97ರಲ್ಲಿ ಕೇಂಬ್ರಿಜ್‌ನ ವಿದ್ವಾಂಸ ಸಾಲೊಮನ್ ಶೆಕ್ಟರ್ ಅಲ್ಲಿಗೆ ಹೋಗಿ ತಂದ 1 ಲಕ್ಷ 90 ಸಾವಿರಕ್ಕೂ ಹೆಚ್ಚು ತುಣುಕುಗಳು ಕೇಂಬ್ರಿಜ್‌ನಲ್ಲಿವೆ. ಉಳಿದವು ಚದುರಿ ಹಲವು ಊರು ಸೇರಿದವು, ಜೆರುಸಲೆಮ್ ಕೂಡ.

ಮೊದಮೊದಲು ಪಂಡಿತರು ಅದರಲ್ಲಿ ಧರ್ಮಗ್ರಂಥ, ಕಾವ್ಯ ಹುಡುಕಿದರು. ಹೀಬ್ರೂ ವಿಶ್ವವಿದ್ಯಾಲಯದಲ್ಲಿ ಇಸ್ಲಾಮ್ ಅಧ್ಯಯನ ಕಲಿಸುತ್ತಿದ್ದ ಗೋಯ್ಟೈನ್ ಕಣ್ಣು ಹೋದದ್ದು ರದ್ದಿಯ ಕಡೆಗೆ: ವ್ಯಾಪಾರಿಗಳ ಪತ್ರ, ಸಾಲದ ಚೀಟಿ, ವರದಕ್ಷಿಣೆಯ ಪಟ್ಟಿ, ಸರಕಿನ ಲೆಕ್ಕ. ಭಾಷೆ ಅರಬ್ಬಿ, ಲಿಪಿ ಹೀಬ್ರೂ. ಅವರು 1957ರಲ್ಲಿ ಅಮೆರಿಕಕ್ಕೆ ಹೋದ ಮೇಲೆ ಇವುಗಳಿಂದಲೇ ಮಧ್ಯಧರಣಿ ಸಮುದ್ರದ ಸುತ್ತಣ ಬದುಕಿನ ಆರು ಸಂಪುಟಗಳನ್ನು ಕಟ್ಟಿದರು. ಅದಕ್ಕೂ ಹಿಂದೆ 1942ರಲ್ಲಿ, ಇ. ಸ್ಟ್ರಾಸ್ ಎಂಬ ವಿದ್ವಾಂಸರು 'ತ್ಸಿಯೋನ್' ಪತ್ರಿಕೆಯಲ್ಲಿ ಒಂದು ಪತ್ರ ಪ್ರಕಟಿಸಿದ್ದರು. ಜೆರುಸಲೆಮ್‌ನ ಗ್ರಂಥಾಲಯದಲ್ಲಿ ಅದರ ಗುರುತು ಎಂಎಸ್ ಎಚ್. 6. ಬರೆದದ್ದು 1148ರಲ್ಲಿ, ಏಡನ್ ಬಂದರಿನಿಂದ. ಬರೆದವರು ಖಲಫ್ ಇಬ್ನ್ ಇಸ್‌ಹಾಕ್ ಎಂಬ ವರ್ತಕರು. ಸೇರಬೇಕಾಗಿದ್ದದ್ದು ಮಂಗಳೂರಿಗೆ.

ಮಂಗಳೂರಿನಲ್ಲಿ ಅದನ್ನು ಪಡೆದವರು ಅಬ್ರಹಾಂ ಬೆನ್ ಯಿಜು, ಇಂದಿನ ತುನೀಸಿಯಾದ ಮಹ್ದಿಯಾ ಊರಿನವರು. 1132ರ ಹೊತ್ತಿಗೆ ನಮ್ಮ ಕರಾವಳಿಗೆ ಬಂದು ಸುಮಾರು 17 ವರ್ಷ ನಿಂತು, ಕಂಚಿನ ಪಾತ್ರೆಗಳ ಕಾರ್ಖಾನೆ ನಡೆಸಿ, ಮೆಣಸು, ಅಡಿಕೆ, ಕಬ್ಬಿಣ ರಫ್ತು ಮಾಡಿದರು. ಅಶು ಎಂಬ ಇಲ್ಲಿನ ಹೆಣ್ಣನ್ನು ದಾಸ್ಯದಿಂದ ಬಿಡಿಸಿದ ಪತ್ರವೂ ಉಳಿದಿದೆ. ನಾವು ಓಲೆಗರಿಯಲ್ಲಿ ಬರೆಯುತ್ತಿದ್ದ ಕಾಲ ಅದು, ಇಲ್ಲಿ ಕಾಗದ ದುರ್ಲಭ. ಏಡನ್ನಿನ ಗೆಳೆಯರು ಅವರಿಗೆ ಸಕ್ಕರೆ, ಬಾದಾಮಿ, ಒಣದ್ರಾಕ್ಷಿಯ ಜೊತೆ ಬಿಳಿ ಕಾಗದವನ್ನೂ ಉಡುಗೊರೆಯಾಗಿ ಕಳಿಸುತ್ತಿದ್ದರು. ಬೆನ್ ಯಿಜು ಬಂದ ಪತ್ರದ ಹಿಂಬದಿಯನ್ನೂ ಬಿಡದೆ ಲೆಕ್ಕ ಬರೆದರು. ಆ ಕಾಗದಗಳೇ ಅವರೊಂದಿಗೆ ಮರಳಿ ಹೋಗಿ ಗೆನಿಜಾ ಸೇರಿದವು.

ಪತ್ರಗಳಲ್ಲಿ ಬೆನ್ ಯಿಜು ಅವರ ಆಳೊಬ್ಬ ಬರುತ್ತಾನೆ. ಯಜಮಾನನ ವ್ಯವಹಾರಕ್ಕೆಂದು ಏಡನ್ನಿಗೆ ಹೋಗಿ ಬರುವವನು. ವರ್ತಕರು ಅವನಿಗೂ ನಮಸ್ಕಾರ ಬರೆಯುತ್ತಾರೆ. ಹೀಬ್ರೂ ಲಿಪಿಯಲ್ಲಿ ಅವನ ಹೆಸರಿಗೆ ಕೆಲವೇ ವ್ಯಂಜನಗಳು, ಸ್ವರವಿಲ್ಲ. ಬ, ಮ. ಬಾಮಾ ಎನ್ನಬೇಕೋ, ಬೇಮಾ ಎನ್ನಬೇಕೋ? ಅಕ್ಷರ ನೋಡಿಯಷ್ಟೇ ಹೇಳುವಂತಿರಲಿಲ್ಲ. ಈ ಆಳಿನ ಜಾಡು ಹಿಡಿದು ಕಾದಂಬರಿಕಾರ ಅಮಿತಾವ್ ಘೋಷ್ ಮಂಗಳೂರಿಗೆ ಬಂದರು. ತುಳು ಜಾನಪದದ ವಿದ್ವಾಂಸರಾದ ಬಿ. ಎ. ವಿವೇಕ ರೈ ಅವರ ಮುಂದೆ ಆ ಅಕ್ಷರಗಳನ್ನು ಇಟ್ಟಾಗ ಉತ್ತರ ಬಂತು: ಬೊಮ್ಮ. ತುಳುನಾಡಿನ ಬೆರ್ಮೆರ್ ದೈವದ ನಂಟಿರುವ ಹೆಸರು. 1992ರಲ್ಲಿ ಬಂದ ಘೋಷ್ ಅವರ 'ಇನ್ ಆನ್ ಆಂಟಿಕ್ ಲ್ಯಾಂಡ್' ಪುಸ್ತಕದಲ್ಲಿ ಈ ಪತ್ತೆಯ ಕಥೆಯಿದೆ.

ಕೈರೋದಲ್ಲಿ ಹೂಳಲು ಇಟ್ಟು ಮರೆತ ಕಾಗದ, ಜೆರುಸಲೆಮ್‌ನಲ್ಲಿ ಒಂದು ನಂಬರು ಪಡೆದು, ಅಲ್ಲಿನ ಪತ್ರಿಕೆಯಲ್ಲಿ ಅಚ್ಚಾಗಿ, ಕೊನೆಗೆ ಬಾಯಿಬಿಟ್ಟದ್ದು ಮೊದಲು ಸೇರಿದ್ದ ಊರಿನಲ್ಲೇ. ನೂರು ವರ್ಷದ ಸಂಸ್ಥೆ ಲಕ್ಷಾಂತರ ಕಾಗದಗಳಿಗೆ ನಂಬರು ಕೊಟ್ಟಿದೆ; ಅದು ಮಾಡಬೇಕಾದದ್ದೂ ಅದನ್ನೇ. ಹೆಸರಿಗೆ ಸ್ವರ ಕೂಡಿಸುವುದು ಆ ಹೆಸರಿಟ್ಟು ಕರೆಯುವವರು ಎಲ್ಲಿದ್ದಾರೋ ಅಲ್ಲಿ. ಎಂಎಸ್ ಎಚ್. 6 ಮಂಗಳೂರಿಗೆ ಬಂದ ಪತ್ರವಾಗಿತ್ತು. 800 ವರ್ಷ ದಾಟಿದ ಮೇಲೆ ಅದು ಮತ್ತೊಮ್ಮೆ ಅದೇ ವಿಳಾಸಕ್ಕೆ ತಲುಪಿತು.